ಟೋಪಿಗಳ ಮೇಲೆ ಒಂದು ಕೈ

ಏಪ್ರಿಲ್ ತಿಂಗಳ ಕೊನೆಯ ಭಾನುವಾರ. ಬೆಳಗಿನ ಹಾಲು ಕರೆದಾಗಿತ್ತು. ಸೆಂಟಿಸ್ ಬೆಟ್ಟದ ನೆತ್ತಿಯ ಮೇಲೆ ಇನ್ನೂ ಹಿಮ ಕೂತಿತ್ತು. ಕೆಳಗಿನ ಇಳಿಜಾರಿನಲ್ಲಿ ಮಾತ್ರ ಹುಲ್ಲು ಬೆರಳುದ್ದ ಎದ್ದಿತ್ತು. ಮೊನ್ನೆ ಹರಿಸಿದ ಸಗಣಿನೀರಿನ ವಾಸನೆ ಗಾಳಿ ತಿರುಗಿದಾಗಲೆಲ್ಲ ಅಡುಗೆಮನೆಯವರೆಗೂ ಬಂದು ಹೋಗುತ್ತಿತ್ತು. ಸೆಲೀನೆ ಕೊಟ್ಟಿಗೆಯ ನೆಲಕ್ಕೆ ನೀರು ಹೊಡೆದು ಕಡ್ಡಿಬರಲಿನಿಂದ ಉಜ್ಜುತ್ತಿದ್ದಳು. ಅವಳ ಗಂಡ ಕೊನ್ರಾಡ್ ನೆಫ್ ಕೊಟ್ಟಿಗೆಯ ಬಾಗಿಲಲ್ಲಿ ಕರಿಯ ಕೋಟು ತೊಟ್ಟು ನಿಂತು, ಎಡಗೈಯೊಂದರಿಂದಲೇ ಕತ್ತಿಯ ಪಟ್ಟಿಯನ್ನು ಸೊಂಟಕ್ಕೆ ಬಿಗಿಯಲು ಹೆಣಗುತ್ತಿದ್ದ.

ಅವಳು ಸ್ವಲ್ಪ ಹೊತ್ತು ನೋಡಿದಳು. ಬರಲನ್ನು ಗೋಡೆಗೆ ಒರಗಿಸಿ ಬಂದು, ಒದ್ದೆ ಕೈಯನ್ನು ಲಂಗಕ್ಕೆ ಒರೆಸಿ, ಪಟ್ಟಿಯ ಕೊಂಡಿ ಹಾಕಿದಳು.

ಕತ್ತಿ ಅವನ ಅಪ್ಪನದು. ಅಪ್ಪನಿಗೆ ಅವನಪ್ಪನಿಂದ ಬಂದದ್ದು. ಅದರಿಂದ ಯಾರೂ ಯಾರನ್ನೂ ಕಡಿದ ನೆನಪಿಲ್ಲ. ಅಪ್ಪ ಒಂದು ಸಲ ಸಭೆ ಮುಗಿದ ಮೇಲೆ ಹೋಟೆಲಿನಲ್ಲಿ ಕುಡಿದು, ಬೇಯಿಸಿದ ಸಾಸೇಜನ್ನು ಅದರಲ್ಲೇ ಹೋಳು ಮಾಡಿ ಎಲ್ಲರಿಗೂ ಹಂಚಿದ್ದನಂತೆ. ಕತ್ತಿಗೆ ದಕ್ಕಿದ ಯುದ್ಧ ಅಷ್ಟೇ. ಆದರೆ ವರ್ಷಕ್ಕೊಂದು ದಿನ, ಸೀಮೆಯ ಸಭೆಯ ದಿನ, ಅದು ಸೊಂಟದಲ್ಲಿ ಇರಲೇಬೇಕು. ಕತ್ತಿ ಇದ್ದವನು ಮೈದಾನದೊಳಗೆ ನಿಂತು ಕೈ ಎತ್ತಬಹುದು. ಗುರುತಿಗೆ ಬೇರೆ ಚೀಟಿಯಿಲ್ಲ, ಮತಕ್ಕೆ ಪೆಟ್ಟಿಗೆಯಿಲ್ಲ. ಹೆಂಗಸರು ಹಗ್ಗದ ಆಚೆ, ಇಲ್ಲವೇ ಚೌಕದ ಸುತ್ತಲಿನ ಮನೆಗಳ ಕಿಟಕಿಯಲ್ಲಿ. ಈ ಸಲ ಸಭೆ ಸೇರುವ ಊರಾದ ಹುಂಡ್ವಿಲ್‌ನಲ್ಲಿ ಕೇಳುವ ಪ್ರಶ್ನೆ ಅದೇ: ಹೆಂಗಸರು ಹಗ್ಗದ ಈಚೆಗೆ ಬರಬಹುದೇ, ಬೇಡವೇ?

"ಎಲ್ಲಿ, ಒಂದ್ಸಲ ಎತ್ತು ನೋಡಣ" ಎಂದಳು ಸೆಲೀನೆ.

"ಇವತ್ತು ಸಂಜೆಗಲ್ವಾ ಗುರುತು ಹಾಕೋದು?"

"ಗುರುತು ಸಂಜೆಗೇ. ಈಗ ಸುಮ್ನೆ ಎತ್ತು."

ಅವನು ಬಲಗೈಯನ್ನು ಬಾಗಿಲಿನ ಹಲಗೆಗೆ ಆನಿಸಿ ಮೇಲೆ ಜಾರಿಸಿದ. ಆ ಹಲಗೆಯ ಮೇಲೆ ಸೀಮೆಸುಣ್ಣದ ಗೆರೆಗಳು ಏಣಿಯ ಮೆಟ್ಟಿಲಂತೆ ಮೇಲೇರಿದ್ದವು. ಮೊದಲನೆಯದು ಅವನ ಹೊಟ್ಟೆಯ ಮಟ್ಟಕ್ಕೆ, ಮೇಲಿನದು ಕಿವಿಯ ಮಟ್ಟಕ್ಕೆ. ಜನವರಿಯಲ್ಲಿ ಹುಲ್ಲಿನ ಅಟ್ಟದ ಏಣಿಯಿಂದ ಬಿದ್ದು ಭುಜ ಮುರಿದುಕೊಂಡಾಗಿನಿಂದ ಪ್ರತಿ ಭಾನುವಾರ ಸಂಜೆ, ಕರಾವು ಮುಗಿದ ಮೇಲೆ, ಸೆಲೀನೆ ಅವನ ಕೈಯನ್ನು ಹಲಗೆಯ ಮೇಲೆ ಹತ್ತಿಸಿ ಅದು ನಿಂತಲ್ಲಿ ಗೆರೆ ಎಳೆಯುತ್ತಿದ್ದಳು. ಮಲಗುವ ಮುಂಚೆ ಮರ್ಮೊಟ್‌ನ ಕೊಬ್ಬು ಹಚ್ಚಿ ತಿಕ್ಕುತ್ತಿದ್ದಳು. ಚಳಿಗಾಲವಿಡೀ ಬಿಲದಲ್ಲಿ ಮಲಗಿದ್ದು ವಸಂತಕ್ಕೆ ಎದ್ದು ಓಡುವ ಪ್ರಾಣಿ ಅದು, ಅದರ ಕೊಬ್ಬು ಜಡ್ಡುಗಟ್ಟಿದ ಕೀಲನ್ನೂ ಎಬ್ಬಿಸುತ್ತೆ ಎಂದು ಅವಳ ಅಜ್ಜಿ ಹೇಳಿದ್ದಳು.

ಕೈ ಕಿವಿಯ ಮಟ್ಟಕ್ಕೆ ಬಂದು ನಿಂತಿತು. ಅವನ ಮುಖ ಸಣ್ಣಗಾಯಿತು.

"ಸಾಕು" ಎಂದಳು ಅವಳು. "ಅಷ್ಟೆತ್ರ ಬಂದ್ರೂ ಸಾಕು. ಅಲ್ಲಿ ಜನರ ಬಿಸುಪಿಗೆ ಇನ್ನೊಂದು ಗೇಣು ಹೋಗುತ್ತೆ."

ಚಳಿಗಾಲದ ಆ ತಿಂಗಳುಗಳಲ್ಲಿ ಹಾಲು ಕರೆದವಳು ಅವಳು, ಸಗಣಿ ಎತ್ತಿದವಳು ಅವಳು, ಮಂಜುಗಟ್ಟಿದ ಸೌದೆ ಒಡೆದವಳೂ ಅವಳೇ. ಅವನು ಕೊರಳಿಗೆ ಬಟ್ಟೆ ಕಟ್ಟಿ ಕೈ ತೂಗುಹಾಕಿಕೊಂಡು ಕೊಟ್ಟಿಗೆಯ ಮುಕ್ಕಾಲಿಯ ಮೇಲೆ ಕೂತು, ಯಾವ ಹಸುವಿಗೆ ಹಿಂಡಿ ಎಷ್ಟು ಎಂದು ಹೇಳುತ್ತಿದ್ದ. ಅದು ಅವಳಿಗೆ ಗೊತ್ತಿಲ್ಲದ್ದೇನಲ್ಲ. ಒಂದು ಬೆಳಿಗ್ಗೆ ಹಾಲಿನ ದೊಡ್ಡ ಕ್ಯಾನನ್ನು ಒಬ್ಬಳೇ ಎತ್ತಿ ಹೊಸ್ತಿಲು ದಾಟಿಸಿ, ನಡು ಹಿಡಿದು ನಿಂತು ಹೇಳಿದ್ದಳು: "ನೋಡು ಕೊನ್ರಾಡ್, ಈಗ ನನ್ನ ಕೈ ನಿನ್ನ ಕೆಲಸ ಮಾಡ್ತಾ ಇದೆ. ಏಪ್ರಿಲ್‌ನಲ್ಲಿ ನಿನ್ನ ಕೈ ನನ್ನ ಕೆಲಸ ಮಾಡ್ಲಿ. ಅಲ್ಲಿಗೆ ಸಾಲ ಚುಕ್ತಾ." ಅವನು ಆಯಿತು ಎಂದಿದ್ದ. ಅವಳು ನಕ್ಕಿರಲಿಲ್ಲ.

ಅವಳಿಗೆ ರಾಜಕೀಯದ ಹುಚ್ಚೇನೂ ಇರಲಿಲ್ಲ. ದೇಶದ ವಿಷಯಕ್ಕಾದರೆ ಅವಳೂ ಎಷ್ಟೋ ವರ್ಷಗಳಿಂದ ಚೀಟಿ ಹಾಕುತ್ತಿದ್ದಳು. ದೂರದ ರಾಜಧಾನಿ ಬರ್ನ್ ಪಟ್ಟಣಕ್ಕೆ ತಾನು ಬೇಕು, ಎರಡು ಗುಡ್ಡದ ಆಚೆಯ ಹುಂಡ್ವಿಲ್‌ಗೆ ಬೇಡ, ಇದ್ಯಾವ ಲೆಕ್ಕ ಎಂದು ಒಮ್ಮೊಮ್ಮೆ ಕೇಳುತ್ತಿದ್ದಳು. ಕೊನ್ರಾಡನಿಗೂ ಆ ಲೆಕ್ಕ ತಿಳಿಯುತ್ತಿರಲಿಲ್ಲ. ಅವಳ ಮಾತು ಕೇಳಿದಾಗ ಅವಳದು ಸರಿ ಎನಿಸುತ್ತಿತ್ತು. ಬಾರ್ತ್ಲಿಯ ಮಾತು ಕೇಳಿದಾಗ ಅವನದು.

ಬಾರ್ತ್ಲಿ ಪಕ್ಕದ ಹಿಡುವಳಿಯವನು. ಅವನಿಗೂ ಇವನಿಗೂ ನಡುವೆ ಒಂದು ಬೇಲಿ, ಒಂದು ಪಿಯರ್ ಹಣ್ಣಿನ ಮರ. ಭುಜ ಮುರಿದ ದಿನದಿಂದ ಹಿಮ ಕರಗುವವರೆಗೆ, ದಿನವೂ ಬೆಳಿಗ್ಗೆ ಇವರ ಹಾಲನ್ನು ತನ್ನ ಹಾಲಿನ ಜೊತೆ ಟ್ರಾಕ್ಟರಿನ ಹಿಂದೆ ಕಟ್ಟಿಕೊಂಡು ಕೆಳಗಿನ ಚೀಸ್ ತಯಾರಿಸುವ ಮನೆಗೆ ಮುಟ್ಟಿಸಿದವನು ಅವನೇ. ಅದಕ್ಕೆ ಅವನು ಏನೂ ಕೇಳಲಿಲ್ಲ. ಮಾರ್ಚಿನಲ್ಲಿ ಒಂದು ದಿನ ಹೋಟೆಲಿನಲ್ಲಿ ಕೂತಾಗ ಮಾತ್ರ, ಹೆಂಗಸರು ಬಂದರೆ ಮೈದಾನ ಸಾಲದಾಗುತ್ತೆ, ಮೈದಾನ ಸಾಲದಿದ್ದರೆ ಪೆಟ್ಟಿಗೆ ಇಡುತ್ತಾರೆ, ಪೆಟ್ಟಿಗೆ ಬಂದರೆ ಸಭೆಯೇ ಸತ್ತಂತೆ ಎಂದು ದುಃಖದಿಂದಲೇ ಹೇಳಿ, "ನಾನು ನೀನು ಪಕ್ಕಪಕ್ಕ ನಿಂತು ಬೇಡ ಅನ್ನೋಣ" ಎಂದು ಕೈ ಚಾಚಿದ್ದ. ಕೊನ್ರಾಡನ ಬಲಗೈ ಬಟ್ಟೆಯೊಳಗಿತ್ತು. ಅವನು ಎಡಗೈ ಕೊಟ್ಟಿದ್ದ.

"ಎಡಗೈ ಭಾಷೆ" ಎಂದು ಬಾರ್ತ್ಲಿ ನಕ್ಕಿದ್ದ. "ಇರ್ಲಿ ಬಿಡು. ಇರೋ ಕೈಯೇ ಕೊಟ್ಟಿದ್ದೀಯ."

ಮನೆಗೆ ಬರುವ ದಾರಿಯುದ್ದಕ್ಕೂ ಕೊನ್ರಾಡ್, ಎಡಗೈಯಲ್ಲಿ ಕೊಟ್ಟ ಮಾತು ಮಾತೋ ಅಲ್ಲವೋ ಎಂದು ಯೋಚಿಸಿದ್ದ. ಸೆಲೀನೆಗೆ ಹೇಳಿರಲಿಲ್ಲ.

ಹುಂಡ್ವಿಲ್‌ಗೆ ನಡೆದೇ ಹೋಗುವುದು ವಾಡಿಕೆ. ಬೇಲಿಯ ಬಳಿ ಬಾರ್ತ್ಲಿ ಕಾಯುತ್ತಿದ್ದ, ಅವನ ಸೊಂಟದಲ್ಲೂ ಕತ್ತಿ. ಅವನ ಕತ್ತಿ ಗಿಡ್ಡ. ಕೊನ್ರಾಡನದು ಉದ್ದ, ಇಳಿಜಾರಿನಲ್ಲಿ ಕಾಲಿಗೆ ಬಡಿಯುತ್ತಿತ್ತು. ಗುಡ್ಡಗಳ ಎಲ್ಲ ಕಾಲುದಾರಿಗಳಿಂದಲೂ ಕರಿಯ ಕೋಟಿನ ಗಂಡಸರು ಇಳಿದು ಬರುತ್ತಿದ್ದರು. ಸೆಲೀನೆ ಇಬ್ಬರ ಹಿಂದೆ ಬರುತ್ತಿದ್ದವಳು ಒಂದು ಕಡೆ ಸರಸರ ನಡೆದು ಮುಂದಾದಳು.

"ಏನವ್ವಾ, ಇವತ್ತೇ ಜಾಗ ಹಿಡಿಯೋಕೆ ಹೊರಟ್ಯಾ?" ಎಂದು ಬಾರ್ತ್ಲಿ ಕೂಗಿದ.

"ನಿನ್ನ ಜಾಗ ಅಲ್ಲ, ಹೆದರ್ಕೋಬೇಡ. ನಿನ್ನ ಜಾಗದಲ್ಲಿ ಮುಂದಿನೋರ ಬೆನ್ನು ಬಿಟ್ರೆ ಇನ್ನೇನು ಕಾಣ್ಸುತ್ತೆ?" ಎಂದಳು ಅವಳು, ತಿರುಗದೆ.

ಬಾರ್ತ್ಲಿ ಕುಳ್ಳನಲ್ಲ, ಆದರೆ ಎತ್ತರದವನೂ ಅಲ್ಲ. ಅವನು ನಕ್ಕ.

ಸೆಲೀನೆಯ ಅಕ್ಕ ರೆಗೂಲಾಳ ಮನೆ ಚೌಕದ ಅಂಚಿನಲ್ಲೇ ಇತ್ತು. ಅದರ ಮೇಲ್ಮಾಳಿಗೆಯ ಕಿಟಕಿಯಿಂದ ಇಡೀ ಮೈದಾನ ಕಾಣುತ್ತಿತ್ತು. ಆ ಕಿಟಕಿಯ ಕೆಳಗೆ, ಕಾರಂಜಿಯ ಪಕ್ಕ ನಿಲ್ಲುತ್ತೇನೆ ಎಂದು ಕೊನ್ರಾಡ್ ಅವಳಿಗೆ ಮೊದಲೇ ಹೇಳಿದ್ದ. ಹೇಳುವಾಗ ಅದು ಸುಲಭವಾಗಿತ್ತು. ಈಗ ಕಾರಂಜಿಯ ಪಕ್ಕ ನಿಂತು ತಲೆಯೆತ್ತಿದರೆ ಕಿಟಕಿಯ ಗಾಜಿನ ಹಿಂದೆ ಹೆಂಗಸರ ಮುಖಗಳು ಬಟ್ಟಲಲ್ಲಿಟ್ಟ ಸೇಬುಗಳಂತೆ ಒತ್ತಾಗಿದ್ದವು. ಬಲಕ್ಕೆ ತಿರುಗಿದರೆ ಬಾರ್ತ್ಲಿಯ ಭುಜ ಇವನ ಭುಜಕ್ಕೆ ತಾಗುತ್ತಿತ್ತು. ಮುಂದೆ ಅಗಲ ಬೆನ್ನಿನ ಒಬ್ಬ ಮರಗೆಲಸದವನು, ಅವನ ತಲೆಯ ಮೇಲೆ ಎತ್ತರದ ಟೋಪಿ.

ತಮಟೆ, ಕೊಳಲು ಮುಗಿದವು. ಟೋಪಿ ತೆಗೆದು ಸಾವಿರಾರು ಗಂಡಸರು ಒಟ್ಟಿಗೆ ಹಾಡಿದರು. ಅಪ್ಪನ ಪಕ್ಕ ನಿಂತು ಮೊದಲ ಸಲ ಹಾಡಿದ್ದು ಕೊನ್ರಾಡನಿಗೆ ಪ್ರತಿಸಲವೂ ನೆನಪಾಗುತ್ತಿತ್ತು. ಈ ಸಲವೂ ನೆನಪಾಯಿತು. ಇದು ಮುಂದಿನ ವರ್ಷ ಹೀಗೇ ಇರುತ್ತದೆಯೋ ಇಲ್ಲವೋ ಎಂದುಕೊಂಡ. ಸೆಲೀನೆಯ ದನಿ ಇದರಲ್ಲಿ ಸೇರಿದರೆ ಹೇಗಿರುತ್ತದೆ ಎಂದೂ ಯೋಚಿಸಿದ. ಅವಳ ದನಿ ಚೆನ್ನಾಗಿತ್ತು. ಎರಡು ಯೋಚನೆಗಳೂ ಒಂದರ ಪಕ್ಕ ಒಂದು ಬಂದು ಕೂತವು, ಯಾವುದೂ ಎದ್ದು ಹೋಗಲಿಲ್ಲ.

ಟೋಪಿಗಳು ಮತ್ತೆ ತಲೆಗೇರಿದವು. ಲೆಕ್ಕಪತ್ರದ ವಿಷಯ, ಚುನಾವಣೆ ಎಲ್ಲ ಮುಗಿದು ಆ ಪ್ರಶ್ನೆ ಬಂತು. ಅಲ್ಲಿ ಭಾಷಣವಿಲ್ಲ, ವಾದವಿಲ್ಲ. ಚೌಕದ ಅಟ್ಟಣೆಯ ಮೇಲಿನಿಂದ ಸೀಮೆಯ ಮುಖ್ಯಸ್ಥರು ಕೇಳುತ್ತಾರೆ, ಕೆಳಗಿನವರು ಕೈ ಎತ್ತುತ್ತಾರೆ. ಯಾರೂ ಎಣಿಸುವುದಿಲ್ಲ. ಯಾವುದು ಹೆಚ್ಚು ಎಂದು ಮೇಲೆ ನಿಂತವರು ಕಣ್ಣಳತೆಯಲ್ಲಿ ಹೇಳಬೇಕು.

ಬೇಕು ಎನ್ನುವವರು ಎತ್ತಲಿ ಎಂಬ ಕರೆ ಮೊದಲು ಬಂತು.

ಸುತ್ತ ಕೈಗಳು ಎದ್ದವು. ಕೊನ್ರಾಡನ ಬಲಗೈಯೂ ಎದ್ದಿತು. ಅವನು ಎತ್ತಬೇಕೆಂದು ನಿರ್ಧರಿಸಿದ್ದಕ್ಕಿಂತ, ಕೊಟ್ಟಿಗೆಯ ಬಾಗಿಲಲ್ಲಿ ಭಾನುವಾರ ಭಾನುವಾರ ಎತ್ತಿ ರೂಢಿಯಾದ ಹಾಗೆ ಅದು ತಾನೇ ಎದ್ದಿತು. ಎದೆ ದಾಟಿತು, ಗದ್ದ ದಾಟಿತು, ಕಿವಿಯ ಬಳಿ ನಿಂತಿತು. ಇನ್ನೊಂದು ಗೇಣು ಎಂದು ಹಲ್ಲು ಕಚ್ಚಿದ. ಭುಜದೊಳಗೆ ಒಣ ಕಟ್ಟಿಗೆ ಸಿಗಿದಂತಾಯಿತು, ಕೈ ಮೇಲೇರಲಿಲ್ಲ. ಮುಂದಿನವನ ಟೋಪಿಯ ಹಿಂದೆ ಅದು ಪೂರಾ ಮುಚ್ಚಿಹೋಗಿತ್ತು.

ಬಾರ್ತ್ಲಿ ಓರೆಗಣ್ಣಲ್ಲಿ ನೋಡಿದ. "ಕಿವಿ ಕೆರ್ಕೊಳ್ಳೋಕೆ ಒಳ್ಳೆ ಹೊತ್ತು ನೋಡ್ಕೊಂಡೆ" ಎಂದು ಪಿಸುಗುಟ್ಟಿದ.

ಕೈಗಳೆಲ್ಲ ಇಳಿದವು. ಕೊನ್ರಾಡನದೂ ಇಳಿಯಿತು.

ಬೇಡ ಎನ್ನುವವರ ಸರದಿ. ಬಾರ್ತ್ಲಿಯ ಬಲಗೈ ಗಳದಂತೆ ನೆಟ್ಟಗೆ ಮೇಲೆ ಹೋಯಿತು. ಹೋದದ್ದೇ ಅವನು ಪಕ್ಕಕ್ಕೆ ನೋಡಿದ. ಕೊನ್ರಾಡನ ಕೈ ಕೆಳಗೇ ಇದ್ದದ್ದು ಕಂಡು, ಅವನ ಮುಖದಲ್ಲಿ ಕೋಪವಲ್ಲ, ಕನಿಕರ ಬಂತು. "ಅಯ್ಯೋ, ಆಗ್ತಾ ಇಲ್ವಾ? ಎಲ್ಲಿ, ತಾ" ಎಂದು ತನ್ನ ಎಡಗೈಯನ್ನು ಅಡ್ಡ ಚಾಚಿ, ಕೊನ್ರಾಡನ ಬಲ ಮೊಣಕೈಯ ಕೆಳಗೆ ಹಾಕಿ, ಹಾಲಿನ ಕ್ಯಾನು ಎತ್ತಿದ ಹಾಗೆ ಮೆಲ್ಲಗೆ, ಗಟ್ಟಿಯಾಗಿ, ಎತ್ತಿಬಿಟ್ಟ.

ಕೊನ್ರಾಡನ ಕಣ್ಣು ಕತ್ತಲಾಯಿತು. ಕತ್ತಲು ಹರಿದಾಗ ತನ್ನ ಕೈ ತನಗೇ ಕಾಣಿಸಿತು. ಮರಗೆಲಸದವನ ಟೋಪಿಯ ಮೇಲೆ, ಎಲ್ಲರ ಟೋಪಿಗಳ ಮೇಲೆ, ಬೇರೆ ಯಾರದೋ ಕೈಯಂತೆ, ಬಿಳಿಚಿಕೊಂಡು ನಿಂತಿತ್ತು. ಬಿಡು ಎನ್ನಬಹುದಿತ್ತು. ನಾಲಿಗೆ ಏಳಲಿಲ್ಲ. ನೋವಿಗೆ ಏಳಲಿಲ್ಲ ಎಂದು ಅವನು ಆಮೇಲೆ ಅಂದುಕೊಂಡ. ದಿನಾ ಬೆಳಿಗ್ಗೆ ಹಿಮದಲ್ಲಿ ಗಡಗಡ ಬರುತ್ತಿದ್ದ ಟ್ರಾಕ್ಟರಿನ ಸದ್ದು ಆ ಹೊತ್ತಿನಲ್ಲಿ ಅವನ ಕಿವಿಯಲ್ಲಿ ಇದ್ದದ್ದೂ ನಿಜ.

ಅಟ್ಟಣೆಯ ಮೇಲೆ ಏನೋ ಗುಸುಗುಸು. ಕಣ್ಣಳತೆಗೆ ತಿಳಿಯುತ್ತಿಲ್ಲ, ಇನ್ನೊಮ್ಮೆ ಎಂಬ ಮಾತು ಬಂತು.

ಮತ್ತೆ ಬೇಕು ಎನ್ನುವವರ ಕರೆ. ಬಲಭುಜ ಈಗ ಉರಿಯುತ್ತಿತ್ತು, ಬೆರಳುಗಳಿಗೆ ಜೋಮು ಹಿಡಿದಿತ್ತು. ಎಡಗೈ ಕತ್ತಿಯ ಹಿಡಿಯ ಮೇಲಿತ್ತು. ಬಲಗೈ ಏಳದಿದ್ದರೆ ಎಡಗೈ ಎತ್ತು ಎಂದು ಸೆಲೀನೆ ಮೊನ್ನೆ ಹೇಳಿದ್ದಳು. ಎಡಗೈಯಲ್ಲಿ ಯಾರಾದರೂ ಸಭೆಗೆ ಮಾತು ಕೊಡುತ್ತಾರೆಯೇ, ಪ್ರಮಾಣ ಮಾಡುವ ಕೈ ಬಲಗೈ ಎಂದು ಅವನು ನಕ್ಕುಬಿಟ್ಟಿದ್ದ. ಎತ್ತಿದರೆ ಬಾರ್ತ್ಲಿಯ ಕಣ್ಣೆದುರೇ ಎತ್ತಬೇಕು. ಎಡಗೈ ಹಿಡಿಯನ್ನು ಬಿಗಿಯಾಗಿ ಹಿಡಿದುಕೊಂಡಿತು. ಸುತ್ತಲಿನ ಕೈಗಳು ಎದ್ದವು, ಇಳಿದವು.

ಮತ್ತೆ ಬೇಡ ಎನ್ನುವವರು. ಬಾರ್ತ್ಲಿ ಮೊಣಕೈಗೆ ಕೈ ಹಾಕಲು ಬಂದ. "ಬೇಡ, ನೋಯುತ್ತೆ" ಎಂದ ಕೊನ್ರಾಡ್. ಬಾರ್ತ್ಲಿ ತಟ್ಟನೆ ಕೈ ಹಿಂದೆಳೆದುಕೊಂಡು, ತಪ್ಪಾಯ್ತು ಎನ್ನುವಂತೆ ತಲೆಯಾಡಿಸಿ, ತನ್ನದನ್ನು ಮಾತ್ರ ಎತ್ತಿದ.

ಮೇಲಿನಿಂದ ತೀರ್ಮಾನ ಬಂತು: ಬೇಕು ಎನ್ನುವವರೇ ಹೆಚ್ಚು.

ಒಂದು ಕಡೆ ಸಿಳ್ಳೆ, ಒಂದು ಕಡೆ ಚಪ್ಪಾಳೆ. ಎಷ್ಟೋ ಜನ ಅಕ್ಕಪಕ್ಕದವರ ಮುಖ ನೋಡುತ್ತಿದ್ದರು, ತಮ್ಮ ಕಣ್ಣೇ ತಮಗೆ ಸುಳ್ಳು ಹೇಳಿತೋ ಎನ್ನುವಂತೆ. ಮರಗೆಲಸದವನು ಹಿಂದೆ ತಿರುಗಿ ಕೇಳಿದ: "ನಿಮಗೆ ಯಾವುದು ಜಾಸ್ತಿ ಕಾಣಿಸ್ತು?"

"ನಮ್ಮದೇ ಜಾಸ್ತಿ ಇತ್ತು" ಎಂದ ಬಾರ್ತ್ಲಿ. ಕೊನ್ರಾಡನ ಕಡೆ ತಿರುಗಿ, "ಅಲ್ವೇನೋ?" ಎಂದ.

ಕೊನ್ರಾಡ್ ತನಗೆ ಕಾಣಿಸಲಿಲ್ಲ ಎಂದ. ಅದು ಸುಳ್ಳಲ್ಲ. ತನ್ನೊಬ್ಬನ ಕೈ ಯಾವ ಕಡೆಗೆ ಸೇರಿತು ಎಂಬುದೇ ಅವನಿಗೆ ತಿಳಿದಿರಲಿಲ್ಲ.

ಸಭೆ ಚದುರುವಾಗ ಸೆಲೀನೆ ಗುಂಪನ್ನು ಸೀಳಿಕೊಂಡು ಬಂದಳು. ಅವಳ ಕೆನ್ನೆ ಕೆಂಪಾಗಿತ್ತು. ಕೈಯಲ್ಲಿ ಅಕ್ಕ ಕೊಟ್ಟ ಜೇನಿನ ರೊಟ್ಟಿಯ ಪೊಟ್ಟಣ. ಎಲ್ಲರೆದುರು ಗಂಡನನ್ನು ಮುಟ್ಟುವವಳಲ್ಲ. ಅವನ ಕೋಟಿನ ಮೇಲೆ ಇಲ್ಲದ ಧೂಳನ್ನು ಕೊಡವಿದಳು.

"ಕಂಡೆ" ಎಂದಳು. "ಗಾಜಿನ ಒಳಗೆ ಮಾತೊಂದೂ ಕೇಳಿಸ್ಲಿಲ್ಲ. ಯಾವುದು ಬೇಕು, ಯಾವುದು ಬೇಡ ಅಂತ ರೆಗೂಲಾ ಜೊತೆ ಜಗಳವೇ ಆಡ್ದೆ. ಆದ್ರೆ ನಿನ್ನ ಕೈ ಕಂಡೆ. ಎಲ್ಲರ ಟೋಪಿಗಿಂತ ಮೇಲಿತ್ತು."

ಕೊನ್ರಾಡ್ ಬಾಯಿ ತೆರೆದ. ಬಾರ್ತ್ಲಿ ನಾಲ್ಕು ಹೆಜ್ಜೆ ಆಚೆ ಯಾರೊಡನೆಯೋ ವಾದಿಸುತ್ತಿದ್ದ.

"ಮೇಲೆ ನಿಂತೋರಿಗೇ ಕಷ್ಟ ಆಯ್ತಂತೆ, ಯಾವುದು ಜಾಸ್ತಿ ಹೇಳೋಕೆ" ಎಂದಳು ಅವಳು. "ಒಂದು ಕೈಯಲ್ಲಿ ಗೆದ್ದಿದ್ರೂ ಗೆದ್ದಿರಬಹುದು. ಅದು ನಿಂದೇ ಅಂದ್ಕೋತೀನಿ ನಾನು."

ಅವನು ಬಾಯಿ ಮುಚ್ಚಿದ.

ಮನೆಯ ದಾರಿ ಏರು. ಬಾರ್ತ್ಲಿ ಮುನಿದಿದ್ದ, ಆದರೆ ಯಾರ ಮೇಲೆ ಮುನಿಯುವುದೆಂದು ಅವನಿಗೂ ಗೊತ್ತಿರಲಿಲ್ಲ. ನಡುದಾರಿಯಲ್ಲಿ ಸೆಲೀನೆ ಪೊಟ್ಟಣ ಬಿಚ್ಚಿ ರೊಟ್ಟಿ ಮುರಿದು ಅವನಿಗೂ ಕೊಟ್ಟಳು. ಅವನು ತೆಗೆದುಕೊಂಡ. ಮುಂದಿನ ವರ್ಷ ನಿನಗೆ ಕತ್ತಿ ಬೇಕಲ್ಲ, ಎಲ್ಲಿಂದ ತರ್ತೀಯ ಎಂದು ಕೇಳಿದ. ಅಡುಗೆಮನೆಯಲ್ಲಿ ಬೇಕಾದಷ್ಟಿವೆ, ಅವು ನಿಮ್ಮವಕ್ಕಿಂತ ಹರಿತ ಎಂದಳು ಅವಳು. ಬಾರ್ತ್ಲಿಗೆ ನಗು ಬಂತು, ತಡೆದುಕೊಂಡ. ಪಿಯರ್ ಮರದ ಹತ್ತಿರ ಬೇರೆಯಾಗುವಾಗ ಮಾತ್ರ ನಿಂತು, "ಇವತ್ತು ಆ ಭುಜಕ್ಕೆ ಸ್ವಲ್ಪ ಜಾಸ್ತಿ ಕೊಬ್ಬು ಹಚ್ಚು, ಸೆಲೀನೆ" ಎಂದ.

"ಯಾಕೆ, ಇವತ್ತೇನು?"

"ಸುಮ್ನೆ ಅಂದೆ" ಎಂದು ಬಾರ್ತ್ಲಿ ಬೇಲಿ ದಾಟಿದ.

ಸಂಜೆಯ ಕರಾವಿಗೆ ಕೊನ್ರಾಡ್ ಹಳೆಯ ಅಂಗಿ ತೊಟ್ಟು ಬಂದ. ಹಸುಗಳಿಗೆ ಆ ದಿನ ಬೇರೆ ದಿನಗಳಂತೆಯೇ ಇತ್ತು. ಸೆಲೀನೆ ಒಂದೊಂದರ ಕೆಚ್ಚಲು ಒರೆಸಿ ಯಂತ್ರ ಹಚ್ಚುತ್ತ, ಬೆಳಿಗ್ಗೆ ಮೈದಾನದಲ್ಲಿ ಗಂಡಸರು ಹಾಡಿದ ಹಾಡನ್ನು ಬಾಯಿ ತೆರೆಯದೆ ಗುನುಗುತ್ತಿದ್ದಳು. ಹೇಳಿಬಿಡಬೇಕು ಎಂದು ಅವನು ಎರಡು ಸಲ ಅವಳ ಹಿಂದೆ ಹೋಗಿ ನಿಂತ. ಆದರೆ ಏನೆಂದು ಹೇಳುವುದು? ಎತ್ತಿದೆ ಎಂದರೆ ಎತ್ತಿದ್ದ. ಎತ್ತಲಿಲ್ಲ ಎಂದರೆ ಅದೂ ನಿಜ. ಅವಳು ಗೆದ್ದಿದ್ದಳಂತೂ ನಿಜ.

ಕ್ಯಾನಿಗೆ ಹಾಲು ಸುರಿದು ಮುಚ್ಚಳ ಬಿಗಿದ ಮೇಲೆ ಅವಳು ಕಿಟಕಿಯ ಗೂಡಿನಿಂದ ಸೀಮೆಸುಣ್ಣದ ತುಂಡು ತೆಗೆದುಕೊಂಡಳು.

"ಬಾ. ಇವತ್ತಿನ ಗೆರೆ ಎಲ್ಲಿಗೆ ಹೋಗುತ್ತೋ ನೋಡಣ. ಹಲಗೆ ಸಾಕಾಗುತ್ತೋ ಇಲ್ವೋ."

ಅವನು ಬಾಗಿಲಿಗೆ ಬಂದು ನಿಂತ. ಬಲಗೈಯನ್ನು ಹಲಗೆಗೆ ಆನಿಸಿದ. ಹೊಟ್ಟೆ, ಎದೆ, ಗದ್ದ. ಕಳೆದ ಭಾನುವಾರದ ಗೆರೆಗೆ ಎರಡು ಬೆರಳು ಕೆಳಗೆ ಕೈ ನಿಂತಿತು. ಅವನು ಉಸಿರು ಕಟ್ಟಿ ಒತ್ತಿದ. ಅದು ಅಲ್ಲೇ ಇತ್ತು.

ಸೆಲೀನೆ ಸೀಮೆಸುಣ್ಣ ಹಿಡಿದ ಕೈಯನ್ನು ಇವನ ತಲೆಗಿಂತ ಎತ್ತರದಲ್ಲಿ ಆಗಲೇ ಹಲಗೆಗೆ ತಾಗಿಸಿ ಕಾಯುತ್ತಿದ್ದಳು. ಅವಳು ಅವನ ಬೆರಳುಗಳನ್ನು ನೋಡಿದಳು. ಹಳೆಯ ಗೆರೆಯನ್ನು ನೋಡಿದಳು. ಕೈಯನ್ನು ನಿಧಾನ ಕೆಳಗೆ ತಂದಳು.

"ಯಾರು ಎತ್ತಿದ್ದು?" ಎಂದು ಕೇಳಿದಳು.

"ಬಾರ್ತ್ಲಿ."

ಹಸುವೊಂದು ಸರಪಳಿ ಎಳೆದು ಮಗ್ಗುಲಾಯಿತು. ಬಾರ್ತ್ಲಿ ಯಾವುದಕ್ಕೆ ಎತ್ತುತ್ತಾನೆ ಎಂದು ಅವಳು ಕೇಳಬೇಕಾಗಿರಲಿಲ್ಲ.

"ಮೊದಲನೇ ಕರೆಗೆ ನಾನೇ ಎತ್ತಿದ್ದೆ" ಎಂದ ಕೊನ್ರಾಡ್. "ಇಷ್ಟು." ಕೈ ಇನ್ನೂ ಹಲಗೆಯ ಮೇಲೇ ಇತ್ತು. "ಯಾರಿಗೂ ಕಾಣಿಸ್ಲಿಲ್ಲ. ಆಮೇಲೆ ಅವನು... ಅವನಿಗೆ ಗೊತ್ತಿರ್ಲಿಲ್ಲ. ಸಹಾಯ ಅಂತ ಮಾಡ್ದ. ನಂಗೆ ಯಾವುದು ಲೆಕ್ಕಕ್ಕೆ ಬಂತೋ ಗೊತ್ತಾಗ್ಲಿಲ್ಲ ಸೆಲೀನೆ. ಈಗ್ಲೂ ಗೊತ್ತಿಲ್ಲ."

"ಇನ್ನೊಂದ್ಸಲ ಕೇಳಿದ್ರಲ್ಲ."

"ಅಷ್ಟೊತ್ತಿಗೆ ಇದು ಸತ್ತೇ ಹೋಗಿತ್ತು."

ಅವಳು ತಲೆಯಾಡಿಸಿದಳು, ಸತ್ತ ಕೈಯ ವಿಷಯ ತನಗೂ ಗೊತ್ತು ಎನ್ನುವಂತೆ. ಅವನ ಬಲಗೈಯನ್ನು ತಾನೇ ಹಿಡಿದು, ಮೊಣಕೈಗೆ ಆಸರೆ ಕೊಟ್ಟು, ನೋಯದ ಹಾಗೆ ಇಳಿಸಿದಳು. ಇಳಿಸಿ ಹೇಳಿದಳು:

"ಈಗ ಎಡಗೈ."

"ಅದಕ್ಕೇನಾಗಿದೆ?"

"ಎತ್ತು."

ಅವನು ಎಡಗೈ ಎತ್ತಿದ. ಅದು ಎಲ್ಲೂ ತಡೆಯಲಿಲ್ಲ. ಗೆರೆಗಳನ್ನೆಲ್ಲ ಒಂದೇ ಉಸಿರಿಗೆ ದಾಟಿ, ಹಲಗೆಯನ್ನು ದಾಟಿ, ಬಾಗಿಲ ಮೇಲಿನ ತೊಲೆಗೆ ಬೆರಳು ತಾಗಿತು. ಅಲ್ಲಿ ಕಳೆದ ವರ್ಷದ ಹಕ್ಕಿಗೂಡಿನ ಒಣಮಣ್ಣು ಅಂಟಿಕೊಂಡಿತ್ತು. ಒಂದಿಷ್ಟು ಉದುರಿ ಅವನ ತೋಳಿನ ಮೇಲೆ ಬಿತ್ತು.

ಸೆಲೀನೆ ಆ ಕೈಯನ್ನು ನೋಡುತ್ತ ನಿಂತಳು. ಗೆರೆ ಎಳೆಯಲಿಲ್ಲ. ಸೀಮೆಸುಣ್ಣವನ್ನು ಗೂಡಿನಲ್ಲಿ ಮೊದಲಿದ್ದಲ್ಲೇ ಇಟ್ಟಳು. ಲಂಗವನ್ನು ಮೊಣಕಾಲಿನವರೆಗೆ ಎತ್ತಿ ಸಿಕ್ಕಿಸಿ, ಹಾಲಿನ ಕ್ಯಾನಿನ ಎರಡೂ ಹಿಡಿಗಳನ್ನು ಹಿಡಿದು, ಚಳಿಗಾಲದಲ್ಲಿ ಎತ್ತುತ್ತಿದ್ದ ಹಾಗೆ ಸೊಂಟಕ್ಕೆ ಆನಿಸಿ ಎತ್ತಿಕೊಂಡು, ಅವನ ಪಕ್ಕದಿಂದ ಹೊಸ್ತಿಲು ದಾಟಿದಳು. ಅಂಗಳದ ಕಲ್ಲಿನ ಮೇಲೆ ಅವಳ ಭಾರದ ಹೆಜ್ಜೆಗಳು ಕೇಳಿಸಿದವು.

ಇಳಿಸು ಎಂದು ಅವಳು ಹೇಳಿರಲಿಲ್ಲ. ಕೊನ್ರಾಡ್ ಬಾಗಿಲಲ್ಲಿ ನಿಂತೇ ಇದ್ದ. ಎಡಗೈ ತೊಲೆಯವರೆಗೆ ನೆಟ್ಟಗೆ, ನೋವಿಲ್ಲದೆ, ಮೇಲಿತ್ತು.